ವ್ಯಾಕರಣ ಹುಡುಕಲು ಹೋದ ಮನೆ

2018ರಲ್ಲಿ ನಾನು ಉದಗೀರದ ಒಂದು ಇಂಜಿನಿಯರಿಂಗ್ ಕಾಲೇಜಿನಲ್ಲಿ ಕಂಪ್ಯೂಟರ್ ವಿಭಾಗದ ಮುಖ್ಯಸ್ಥೆಯಾಗಿದ್ದೆ. ಆ ಹೊತ್ತಿಗೆ ಹತ್ತೊಂಬತ್ತು ವರ್ಷ ಒಂದೇ ವಿಷಯ ಪಾಠ ಮಾಡಿದ್ದೆ: ಕಂಪೈಲರ್. ಮನುಷ್ಯರು ಬರೆದ ಪ್ರೋಗ್ರಾಮನ್ನು ಯಂತ್ರಕ್ಕೆ ತಿಳಿಯುವ ಹಾಗೆ ಬದಲಿಸಿ ಕೊಡುವ ಸಾಫ್ಟ್‌ವೇರಿಗೆ ಆ ಹೆಸರು. ಈ ವಿಷಯ ಕಂಡರೆ ಹುಡುಗರಿಗೆ ಜ್ವರ ಬರುತ್ತದೆ. ನನಗೆ ಮಾತ್ರ ಅದರ ಮೇಲೆ ಎಷ್ಟು ಹಿಡಿತವಿತ್ತೆಂದರೆ, ಇನ್ನೊಬ್ಬರು ಹೇಳುವುದನ್ನು ಕೇಳುವ ಅಭ್ಯಾಸವೇ ತಪ್ಪಿಹೋಗಿತ್ತು. ಮುಂದಿನದನ್ನು ಓದುವಾಗ ಇದು ನೆನಪಿರಲಿ.

ನಮ್ಮೂರು ಗಡಿಯಾಚೆ, ಮರಾಠಿ ಸೀಮೆಯ ಉಮರ್ಗಾ ತಾಲೂಕಿನ ಯೆಣೆಗೂರ. ಮನೆಯಲ್ಲಿ ಕನ್ನಡ, ಶಾಲೆಯಲ್ಲಿ ಮರಾಠಿ. ಕನ್ನಡ ಅಕ್ಷರ ಕಲಿತದ್ದು ಬೀದರದಲ್ಲಿ ಇಂಜಿನಿಯರಿಂಗ್ ಓದುವಾಗ, ಹಾಸ್ಟೆಲಿನ ಗೆಳತಿಯರು ನಗುತ್ತಾರೆಂದು. ನಮ್ಮ ದೊಡ್ಡಪ್ಪನ ಮಗ ಶಿವಲಿಂಗಣ್ಣ ಹೊಲದ ಕೆಲಸ ತಮ್ಮನಿಗೆ ಒಪ್ಪಿಸಿ ಉದಗೀರದಲ್ಲಿ ಬೇಳೆ ಮಿಲ್ಲು ಹಾಕಿದ್ದ. ತೊಗರಿ, ಕಡಲೆ, ಉದ್ದು, ಹೆಸರು ಎಲ್ಲವೂ ಅಲ್ಲಿ ಬೇಳೆಯಾಗುತ್ತಿದ್ದವು. ಮಿಲ್ಲಿಗೆ ಅಂಟಿಕೊಂಡೇ ಅವನ ಮನೆ. ಉದಗೀರದಲ್ಲಿ ನನಗೆ ತವರುಮನೆ ಎಂಬುದು ಇದ್ದರೆ ಅದೇ.

ಬೇಳೆ ಮಾಡುವುದರಲ್ಲಿ ಒಡೆಯುವುದಕ್ಕಿಂತ ಒಣಗಿಸುವುದು ಕಷ್ಟ. ಕಾಳಿಗೆ ಎಣ್ಣೆ ನೀರು ಹಚ್ಚಿ ಹದವಾಗಿ ಒಣಗಿಸಿದರೆ ಸಿಪ್ಪೆ ಸಲೀಸಾಗಿ ಬಿಡುತ್ತದೆ. ಹದ ತಪ್ಪಿದರೆ ಬೇಳೆ ನುಚ್ಚಾಗುತ್ತದೆ. ಶಿವಲಿಂಗಣ್ಣ 2006ರಲ್ಲಿ ಬಿಸಿಗಾಳಿಯ ಡ್ರೈಯರ್ ತರಿಸಿದ್ದ, ಹೊರದೇಶದ್ದು, ಸೆಕೆಂಡ್ ಹ್ಯಾಂಡ್. ಎಷ್ಟು ಬಿಸಿ, ಎಷ್ಟು ಹೊತ್ತು, ಯಾವಾಗ ಗಾಳಿ ನಿಲ್ಲಿಸಬೇಕು ಎಂಬುದನ್ನು ಅದರ ಕಂಟ್ರೋಲರಿಗೆ ಒಂದು ಪುಟ್ಟ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಬರೆದು ಕೊಡಬೇಕು. ಆ ಕಂಪನಿಯವರು ತಮ್ಮ ಯಂತ್ರಕ್ಕೆಂದೇ ಮಾಡಿಕೊಂಡ ಭಾಷೆ ಅದು. ಹನ್ನೆರಡು ವರ್ಷದಲ್ಲಿ ಮಿಲ್ಲಿನಲ್ಲಿ ಅಂಥ ಅರವತ್ತಮೂರು ಪ್ರೋಗ್ರಾಮುಗಳು ಕೂಡಿದ್ದವು. ದೇವಣಿ ಕಡೆಯ ತೊಗರಿಗೆ ಒಂದು, ಲೋಹಾರಾ ಕಡೆಯದಕ್ಕೆ ಇನ್ನೊಂದು, ಮಳೆಗೆ ಸಿಕ್ಕ ಕಾಳಿಗೆ ಬೇರೊಂದು. ಎಲ್ಲವನ್ನೂ ಬರೆದವನು ಮಿಲ್ಲಿನ ಇಲೆಕ್ಟ್ರಿಶಿಯನ್ ಬೀರಣ್ಣ.

ಬೀರಣ್ಣನದು ನಿಲಂಗಾ. ಕುರಿ ಸಾಕುವ, ಹೊಲವನ್ನೂ ಮಾಡುವ ಮನೆತನ. ಮನೆದೇವರು ಬೀರಪ್ಪ. ಐಟಿಐ ಮುಗಿಸಿ ಮಿಲ್ಲಿಗೆ ಬಂದವನು ಹನ್ನೆರಡು ವರ್ಷ ದುಡಿದ. ನಿಲಂಗಾದಲ್ಲೇ ಹೊಸ ಮಿಲ್ಲು ಶುರುವಾದಾಗ, ಮನೆಗೆ ಹತ್ತಿರವಾಗುತ್ತದೆಂದು ಆ ವರ್ಷದ ಆಷಾಢದಲ್ಲಿ ಅಲ್ಲಿಗೆ ಹೋದ. ಹೇಳಿಯೇ ಹೋದ, ಕೈಮುಗಿದೇ ಹೋದ. ಆದರೂ ಶಿವಲಿಂಗಣ್ಣನಿಗೆ ಸಿಟ್ಟಿತ್ತು. ಬೀರಣ್ಣ ಹೋಗಿ ಒಂದು ತಿಂಗಳಾಗುವಷ್ಟರಲ್ಲಿ ಹಳೆಯ ಕಂಟ್ರೋಲರ್ ಕೈಕೊಟ್ಟಿತು. ಒಮ್ಮೆ ನಡೆಯುವುದು, ಒಮ್ಮೆ ನಿಲ್ಲುವುದು. ಬಿಡಿ ಭಾಗ ಎಲ್ಲಿಯೂ ಸಿಗಲಿಲ್ಲ. ಹೊಸದು ತರಿಸಿದರೆ ಅದರ ಭಾಷೆಯೇ ಬೇರೆ. ಅರವತ್ತಮೂರು ಪ್ರೋಗ್ರಾಮುಗಳನ್ನು ಹೊಸ ಭಾಷೆಗೆ ಬದಲಿಸಬೇಕು, ಅದೂ ತೊಗರಿ ಪೇಟೆಗೆ ಬರುವ ಮೊದಲು. ಶಿವಲಿಂಗಣ್ಣ ನನಗೆ ಫೋನ್ ಮಾಡಿದ. "ತಂಗಿ, ಇದು ನಿನ್ನ ವಿದ್ಯಾ ಅದ. ಹೊರಗಿನವರ ಕಾಲು ಯಾಕ ಹಿಡೀಲಿ?"

ನಾನು ಉಬ್ಬಿಹೋದೆ. ಕಲಿಸಿದ್ದನ್ನು ಕೈಯಾರೆ ಮಾಡಿ ತೋರಿಸುವ ಅವಕಾಶ ಕಂಪೈಲರ್ ಮೇಷ್ಟ್ರಿಗೆ ಜನ್ಮದಲ್ಲಿ ಒಮ್ಮೆ ಸಿಕ್ಕರೆ ಹೆಚ್ಚು.

ಇಲ್ಲಿ ಸ್ವಲ್ಪ ಪಾಠ ಸಹಿಸಿಕೊಳ್ಳಬೇಕು. ಒಂದು ಭಾಷೆಯ ಪ್ರೋಗ್ರಾಮನ್ನು ಇನ್ನೊಂದಕ್ಕೆ ತಾನಾಗಿ ಬದಲಿಸಬೇಕಾದರೆ ಮೊದಲು ಅದನ್ನು ಓದಿ ಬಿಡಿಸುವ ಭಾಗ ಬರೆಯಬೇಕು. ಅದಕ್ಕೆ ಪಾರ್ಸರ್ ಎನ್ನುತ್ತೇವೆ. ಪಾರ್ಸರ್ ಬರೆಯಬೇಕಾದರೆ ಆ ಭಾಷೆಯ ಗ್ರಾಮರ್ ಬೇಕು. ಯಾವ ಪದದ ನಂತರ ಯಾವುದು ಬರಬಹುದು, ಯಾವುದು ಎಲ್ಲಿ ಮುಗಿಯುತ್ತದೆ ಎಂಬ ನಿಯಮಗಳು, ಅಷ್ಟೇ. ಹೆಸರಾದ ಭಾಷೆಗಳ ಗ್ರಾಮರ್ ಇಂಟರ್ನೆಟ್‌ನಲ್ಲಿ ಬೇಕಾದಷ್ಟು ಸಿಗುತ್ತವೆ. ಇಂಥ ಒಂದು ಯಂತ್ರದ ಮನೆಮಾತಿನ ಗ್ರಾಮರ್ ಮಾತ್ರ ಆ ಯಂತ್ರದ ಜೊತೆ ಬಂದ ಮ್ಯಾನ್ಯುಯಲ್‌ನಲ್ಲಿ ಇರಬೇಕು.

ಮ್ಯಾನ್ಯುಯಲ್ ಇರಲಿಲ್ಲ. ಆಫೀಸಿನ ಕಪಾಟು, ಸ್ಟೋರು, ಪ್ಯಾನೆಲ್ ಕೋಣೆ, ಮನೆಯ ಅಟ್ಟ ಎಲ್ಲ ನೋಡಿದೆವು. ಕಂಪನಿ ಇನ್ನೊಂದರಲ್ಲಿ ಸೇರಿ ಮಾಯವಾಗಿತ್ತು. ಅದರ ಹಳೆಯ ವೆಬ್‌ಸೈಟಿನ ವಿಳಾಸದಲ್ಲಿ ಯಾರೋ ಚಪ್ಪಲಿ ಮಾರುತ್ತಿದ್ದರು. ಪುಣೆಯ ಸೆಕೆಂಡ್ ಹ್ಯಾಂಡ್ ಯಂತ್ರಗಳ ವ್ಯಾಪಾರಿಗಳಿಗೆ ಫೋನ್ ಮಾಡಿದೆ. ಗುರುತಿಲ್ಲದ ದೇಶಗಳ ಗುರುತಿಲ್ಲದ ಇಂಜಿನಿಯರುಗಳಿಗೆ ಇಮೇಲ್ ಬರೆದೆ. ಕೊನೆಗೆ ಯಾರೋ ಪುಣ್ಯಾತ್ಮ ಇಂಟರ್ನೆಟ್‌ಗೆ ಏರಿಸಿಟ್ಟ ಒಂದು ಗ್ರಾಮರ್ ಸಿಕ್ಕಿತು. ಹೆಸರು ಅದೇ, ಆದರೆ ನಮ್ಮದಕ್ಕಿಂತ ಎರಡು ಆವೃತ್ತಿ ಹೊಸದು. ಅದನ್ನಿಟ್ಟುಕೊಂಡು ಪಾರ್ಸರ್ ಬರೆದೆ. ನಲವತ್ತೊಂದು ಪ್ರೋಗ್ರಾಮುಗಳನ್ನು ಅದು ಓದಿತು. ಉಳಿದ ಇಪ್ಪತ್ತೆರಡರಲ್ಲಿ ನಡುವೆಯೇ ನಿಂತು "ಈ ಸಾಲಿನಲ್ಲಿ ತಪ್ಪಿದೆ" ಎಂದಿತು. ಆ ಪ್ರೋಗ್ರಾಮುಗಳು ವರ್ಷಗಟ್ಟಲೆ ಬೇಳೆ ಒಣಗಿಸಿದ್ದವು, ಅವುಗಳಲ್ಲಿ ತಪ್ಪಿರಲಿಲ್ಲ. ನನ್ನ ಗ್ರಾಮರ್ ತಪ್ಪಾಗಿತ್ತು. ಊಹಿಸಿ ತಿದ್ದೋಣವೆಂದರೆ ಅದು ಬಿಸಿಗಾಳಿಯ ಯಂತ್ರ, ಸುತ್ತ ಒಣ ಸಿಪ್ಪೆಯ ಧೂಳು. ಊಹೆ ತಪ್ಪಿದರೆ ಮಿಲ್ಲಿಗೆ ಬೆಂಕಿ.

ಬೀರಣ್ಣನಿಗೆ ಫೋನ್ ಮಾಡಿದೆ. "ಮ್ಯಾನ್ಯುಯಲ್ ಎಲ್ಲದ ಬೀರಣ್ಣ?"

"ನಂಗೇನ್ ಗೊತ್ತಿಲ್ರಿ ಮ್ಯಾಡಂ. ಆ ಪುಸ್ತಕ ನಾ ನೋಡೇ ಇಲ್ಲ."

"ನೋಡದೇ ಇಷ್ಟು ಪ್ರೋಗ್ರಾಮ್ ಹ್ಯಾಂಗ ಬರದಿ?"

"ಮಷಿನ್ ಕೂಡಸ್ಲಿಕ್ಕ ಬಂದ ಫಿಟರ್ ನಾಕು ಪ್ರೋಗ್ರಾಮ್ ಹಾಕಿ ಕೊಟ್ಟಿದ್ದರಿ. ಅವೇ ಇಷ್ಟಿಷ್ಟು ಬದ್ಲ ಮಾಡ್ಕೋತ ಹೋದೆ. ಬೇಕಾದ್ರ ಒಂದ್ ಐತವಾರ ಬಂದು ಕೂತು ತೋರಸ್ತೀನ್ರಿ."

"ನಿನ್ನ ನೆನಪು ನಂಗ ಬ್ಯಾಡ, ನಿಯಮ ಬೇಕು" ಎಂದು ಫೋನ್ ಇಟ್ಟೆ. ಅವನ ಮಾತು ನನಗೆ ಹಸಿ ಸುಳ್ಳಾಗಿ ಕೇಳಿತು. ಹತ್ತೊಂಬತ್ತು ವರ್ಷ ಪುಸ್ತಕ ಹಿಡಿದು ಕಲಿಸಿದವಳಿಗೆ, ಪುಸ್ತಕ ನೋಡದೆ ಒಂದು ಭಾಷೆ ಕಲಿಯಬಹುದು ಎಂಬುದು ತಲೆಗೆ ಹೋಗಲಿಲ್ಲ. ನಾನೇ ಕನ್ನಡವನ್ನು ಯಾವ ಪುಸ್ತಕ ನೋಡಿ ಮಾತಾಡಲು ಕಲಿತಿದ್ದೆ ಎಂದು ಆಗ ಕೇಳಿಕೊಳ್ಳಲಿಲ್ಲ.

ಆ ಸಂಜೆ ಮಿಲ್ಲಿನ ಆಫೀಸಿನಲ್ಲಿ ಶಿವಲಿಂಗಣ್ಣನ ಮುಂದೆ ಕೂತು ನಾನು ಹೇಳಿದ ಮಾತು ಇದು: "ಅಣ್ಣಾ, ಪುಸ್ತಕ ಇಲ್ಲದ ಇಂಥ ಪ್ರೋಗ್ರಾಮ್ ಬರಿಯೂದು ಆಗೂದಿಲ್ಲ. ಬರದಾಂವನ ಹತ್ರ ಪುಸ್ತಕ ಇರಲೇಬೇಕು."

ಅವನಿಗೆ ಅಷ್ಟೇ ಬೇಕಾಗಿತ್ತು. ಸಿಟ್ಟು ಮೊದಲೇ ಇತ್ತು, ಈಗ ಅದಕ್ಕೆ ಪ್ರೊಫೆಸರರ ಸಹಿ ಬಿತ್ತು. "ಅಂದ್ರ ಒಯ್ದಾನ. ನಾವು ಅವನ ಕೈಯಾಗೇ ಇರಬೇಕಂತ ಒಯ್ದಾನ," ಎಂದ. ಅಲ್ಲೇ ಕೂತು ನಿಲಂಗಾದ ಹೊಸ ಮಿಲ್ಲಿನವರಿಗೆ ಫೋನ್ ಹಚ್ಚಿದ. ನಿಮ್ಮಲ್ಲಿ ಬಂದ ಮನುಷ್ಯ ನಮ್ಮ ಮಷಿನ್ ಪುಸ್ತಕ ಹೊತ್ತುಕೊಂಡು ಬಂದಿದ್ದಾನೆ, ಕಣ್ಣಿಟ್ಟಿರಿ ಎಂದು ಮರಾಠಿಯಲ್ಲಿ ಹೇಳಿದ. ಅವರು ಕಣ್ಣಿಡಲಿಲ್ಲ, ವಿಷಯ ಬಗೆಹರಿಯುವವರೆಗೆ ಬರಬೇಡ ಎಂದು ಬೀರಣ್ಣನನ್ನು ಮನೆಗೆ ಕಳಿಸಿದರು. ಒಂದು ಫೋನಿನಲ್ಲಿ ಅವನ ಕೆಲಸವೂ ಹೆಸರೂ ಹೋದವು. ನಾನು ಎದುರಿನ ಕುರ್ಚಿಯಲ್ಲಿ ಕೂತು ಚಹಾ ಕುಡಿಯುತ್ತಿದ್ದೆ.

ಮುಂದಿನ ಭಾನುವಾರ ಶಿವಲಿಂಗಣ್ಣ ಕಾರು ತೆಗೆದ. "ಕೇಳಿದ್ರ ಕೊಡೂದಿಲ್ಲ. ಮನಿಗೇ ಹೋಗೂನು. ಪುಸ್ತಕ ಯಾವ್ದು ಅಂತ ನಿಂಗೇ ಗುರ್ತು, ನೀ ಬಾ." ನಾನು ಹೋಗದಿದ್ದರೆ ನಡೆಯುತ್ತಿತ್ತು. ಹೋದೆ.

ನಿಲಂಗಾದಲ್ಲಿ ಬೀರಣ್ಣನ ಮನೆ ಒಂದು ಸಣ್ಣ ಓಣಿಯಲ್ಲಿ. ಎರಡು ಕೋಣೆ, ಮುಂದೆ ಕಟ್ಟೆ. ಕಾರು ನಿಂತ ಕೂಡಲೇ ಓಣಿಯ ಹೆಂಗಸರು ಬಾಗಿಲಿಗೆ ಬಂದರು. ಬೀರಣ್ಣ "ಬರ್ರಿ, ಕೂಡ್ರಿ" ಎಂದ. ಶಿವಲಿಂಗಣ್ಣ ಕೂಡಲಿಲ್ಲ. ಬಂದ ಕೆಲಸವನ್ನು ಬಾಗಿಲಲ್ಲಿ ನಿಂತೇ ಹೇಳಿದ, ಓಣಿಗೆಲ್ಲ ಕೇಳುವಷ್ಟು ದನಿಯಲ್ಲಿ.

"ಮನಿ ನೋಡ್ಕೋರಿ ಸಾಹುಕಾರ್ರ," ಎಂದ ಬೀರಣ್ಣ. ಅವನ ಮುಖ ಸಣ್ಣದಾಗಿತ್ತು. "ಮುಚ್ಚಿಡೂದು ಏನದ?"

ನೋಡಿದೆವು. ಗೋಡೆಯ ಮಾಡ, ಮಂಚದ ಕೆಳಗೆ, ಅಡುಗೆ ಕೋಣೆಯ ಹಲಗೆ, ಮಕ್ಕಳ ಪಾಟಿಚೀಲ. ಶಿವಲಿಂಗಣ್ಣ ಬೆರಳು ತೋರಿಸುವುದು, ನಾನು ಕೈ ಹಾಕುವುದು. ಹೆಂಗಸರ ಸಾಮಾನು ಇರುತ್ತದೆ, ನೀನೇ ನೋಡು ಎಂದು ಅವನ ಸಭ್ಯತೆ. ಬೀರಣ್ಣನ ಹೆಂಡತಿ ಲಕ್ಷ್ಮೀಬಾಯಿ ಗೋಡೆಗೆ ಬೆನ್ನು ಹಚ್ಚಿ ನಿಂತಿದ್ದಳು. ಕೊನೆಗೆ ಮೂಲೆಯಲ್ಲಿ ಕಲ್ಲಿನ ಮೇಲೆ ಎತ್ತಿಟ್ಟ ಒಂದು ಕಬ್ಬಿಣದ ಟ್ರಂಕು ಉಳಿಯಿತು. ಅದರ ಮೇಲೆ ಹಳದಿ ಪಟ್ಟೆ ಎಳೆದಿತ್ತು.

ಆಕೆ ಮೊದಲ ಸಲ ಬಾಯಿ ಬಿಟ್ಟಳು. "ಅದು ದೇವರ ಸಂದೂಕ ಅದರಿ ಅಕ್ಕಾರ. ಬೀರಪ್ಪಂದು. ತಲಿ ಮ್ಯಾಲ ನೀರ್ ಹಾಕ್ಕೊಂಡೇ ತೆಗೀತೀವಿ."

"ನಾವೂ ಸ್ನಾನ ಮಾಡೇ ಬಂದೀವಿ," ಎಂದ ಶಿವಲಿಂಗಣ್ಣ.

ಲಕ್ಷ್ಮೀಬಾಯಿ ನನ್ನ ಕಡೆ ನೋಡಿದಳು. ನಾನು ಹೆಂಗಸು, ಮೇಲಾಗಿ ಓದಿದವಳು. ಬೇಡ ಅಣ್ಣಾ ಎಂದು ಒಂದು ಮಾತು ನನ್ನಿಂದ ಬರಬಹುದೆಂದು ಆಕೆ ನೋಡಿರಬೇಕು. ನಾನು ಟ್ರಂಕಿನ ಅಳತೆ ನೋಡುತ್ತಿದ್ದೆ. ಮ್ಯಾನ್ಯುಯಲ್ ಹಿಡಿಸುವಷ್ಟು ದೊಡ್ಡದಿತ್ತು.

"ತೆಗಿ," ಎಂದ ಬೀರಣ್ಣ ಹೆಂಡತಿಗೆ. ಹೇಳಿ ಗೋಡೆಯ ಕಡೆ ಮುಖ ಮಾಡಿ ಕೂತ.

ಒಳಗೆ ಒಂದು ಹಳೆಯ ಕರಿ ಕಂಬಳಿ, ಅವನ ಅಜ್ಜನ ಕಾಲದ್ದಂತೆ. ಅದರ ಮಡಿಕೆಯಲ್ಲಿ ಭಂಡಾರದ ಚೀಲ, ಬೀರಪ್ಪನಿಗೆ ಎರಚುವ ಅರಿಶಿನಪುಡಿ. ಒಂದು ಬೆತ್ತ. ನಾನು ಕಂಬಳಿ ಎತ್ತಿದೆ, ಮಡಿಕೆ ಬಿಚ್ಚಿದೆ, ತಳದವರೆಗೂ ಕೈಯಾಡಿಸಿದೆ. ಬೆರಳೆಲ್ಲ ಹಳದಿಯಾದವು. ಪುಸ್ತಕ ಇರಲಿಲ್ಲ.

ಶತ್ರು ಮನೆಗೆ ಬಂದರೂ ಚಹಾ ಕುಡಿಯುತ್ತೀರಾ ಎಂದು ಕೇಳದೆ ಕಳಿಸುವ ಪದ್ಧತಿ ನಮ್ಮ ಕಡೆ ಇಲ್ಲ. ಆ ದಿನ ಯಾರೂ ಚಹಾ ಕೇಳಲಿಲ್ಲ. ಕಾರಿನಲ್ಲಿ ಶಿವಲಿಂಗಣ್ಣ, "ಖಂಡಿತ ಬ್ಯಾರೆ ಕಡಿ ಇಟ್ಟಾನ," ಎಂದ. ನಾನು ಇರಬಹುದು ಎಂದೆ. ಕರವಸ್ತ್ರದಿಂದ ಎಷ್ಟು ಒರೆಸಿದರೂ ಬೆರಳಿನ ಹಳದಿ ಪೂರ್ತಿ ಹೋಗಲಿಲ್ಲ. ನನಗೆ ಅದರಿಂದ ಬೇಸರವಾಯಿತು, ಅಷ್ಟೇ. ನಾಚಿಕೆ ಇನ್ನೂ ಬಂದಿರಲಿಲ್ಲ.

ಅದು ಬಂದದ್ದು ಖಂಡೇನವಮಿಯ ದಿನ, ದಸರೆಗೆ ಒಂದು ದಿನ ಮುಂಚೆ. ಆ ದಿನ ಮಿಲ್ಲು ಬಂದ್. ಯಂತ್ರಗಳನ್ನೆಲ್ಲ ತೊಳೆದು ವಿಭೂತಿ ಹಚ್ಚುತ್ತಾರೆ. ಪಾನಾ, ಸುತ್ತಿಗೆ, ತಕ್ಕಡಿ, ತೂಕದ ಕಲ್ಲು ಎಲ್ಲವನ್ನೂ ದೇವರ ಖೋಲಿಯ ಮುಂದೆ ಜಮಖಾನದ ಮೇಲೆ ಸಾಲಾಗಿ ಇಡುತ್ತಾರೆ. ಆಮೇಲೆ ಖೋಲಿಯೊಳಗೆ ದೇವರನ್ನಿಡುವ ಜಗುಲಿಯಿಂದ ಕೆಂಪು ಬಟ್ಟೆಯಲ್ಲಿ ಸುತ್ತಿದ ಒಂದು ಪೋಥಿ, ಪೂಜೆಯ ಗ್ರಂಥ, ಬರುತ್ತದೆ. ಅದಕ್ಕೆ ಕುಂಕುಮ ಹಚ್ಚಿ ಹೂ ಏರಿಸುವ ಮಾನ ನನ್ನದು. ವಿದ್ಯೆ ಕಲಿತ ಮನೆಮಗಳು ಎಂದು ದೊಡ್ಡವ್ವ, ಅಂದರೆ ಶಿವಲಿಂಗಣ್ಣನ ತಾಯಿ, ಹಾಕಿಕೊಟ್ಟ ಪದ್ಧತಿ ಅದು. ದೊಡ್ಡವ್ವ ತೀರಿಕೊಂಡ ಮೇಲೂ ನಡೆದಿತ್ತು. ಪ್ರತಿ ವರ್ಷ ಹಳೆಯ ಬಟ್ಟೆ ಬಿಚ್ಚದೆ ಅದರ ಮೇಲೇ ಹೊಸ ಬಟ್ಟೆ ಸುತ್ತುತ್ತಿದ್ದರು. ಹೀಗಾಗಿ ಪೋಥಿ ವರ್ಷದಿಂದ ವರ್ಷಕ್ಕೆ ದಪ್ಪಗಾಗಿ ತಲೆದಿಂಬಿನ ಹಾಗೆ ಆಗಿತ್ತು. ಯಾವ ಪೋಥಿ ಎಂದು ಯಾರೂ ಕೇಳಿರಲಿಲ್ಲ. ಶರಣರ ವಚನ ಇರಬೇಕೆಂದು ನಾನು ತಿಳಿದಿದ್ದೆ.

ಆ ವರ್ಷ ಅತ್ತಿಗೆ, ಶಿವಲಿಂಗಣ್ಣನ ಹೆಂಡತಿ ಕಾಶೀಬಾಯಿ, ಪೋಥಿ ತಂದು ನನ್ನ ಮುಂದೆ ಇಟ್ಟು, "ಮೂಲಿ ಇಲಿ ತಿಂದದ ನೋಡ್ರಿ. ಈ ಸರ್ತಿ ಎಲ್ಲಾ ಅರಿವಿ ತೆಗದು ಹೊಸಾದು ಸುತ್ರಿ," ಎಂದಳು. ಅಯ್ಯನವರು ಪೂಜೆಗೆ ಕೂತಿದ್ದರು. ಹಿಂದೆ ಕೂಲಿಯವರು, ಡ್ರೈವರುಗಳು, ಅವರ ಹೆಂಡಿರು ಮಕ್ಕಳು. ನಾನು ಬಟ್ಟೆ ಬಿಚ್ಚತೊಡಗಿದೆ. ಕೆಂಪು, ಅದರೊಳಗೆ ಮಾಸಿದ ಕೆಂಪು, ಅದರೊಳಗೆ ಇನ್ನಷ್ಟು ಮಾಸಿದ್ದು. ಕೊನೆಯ ಬಟ್ಟೆ ಸರಿದಾಗ ನೀಲಿ ರಟ್ಟು ಕಂಡಿತು. ಅದರ ಮೇಲೆ ಡ್ರೈಯರಿನ ಚಿತ್ರವಿತ್ತು.

ಮ್ಯಾನ್ಯುಯಲ್.

ಹೊಸ ಮಷಿನ್ ಬಂದ ದಿನ ದೊಡ್ಡವ್ವ ತೆಂಗಿನಕಾಯಿಯ ಜೊತೆ ಅದರ ಪುಸ್ತಕವನ್ನೂ ಪೂಜೆಗೆ ಇಟ್ಟಿರಬೇಕು. ಪೂಜೆಗೆ ಬಂದದ್ದು ಜಗುಲಿ ಬಿಟ್ಟು ಇಳಿಯಬಾರದು ಎಂಬುದು ಆಕೆಯ ಲೆಕ್ಕ. ನಾನು ಕಡೆಯ ಪುಟಗಳನ್ನು ತೆರೆದೆ. ಆರು ಪುಟ ಗ್ರಾಮರ್, ನಮ್ಮದೇ ಆವೃತ್ತಿಯದು, ಒಂದು ನಿಯಮವೂ ಬಿಡದೆ. ವರ್ಷ ವರ್ಷ ಅದಕ್ಕೆ ನನ್ನ ಕೈಯಾರೆ ಕುಂಕುಮ ಹಚ್ಚಿದ್ದೆ, ಹಣೆ ಮುಟ್ಟಿಸಿದ್ದೆ. ಅಟ್ಟ ಹುಡುಕಿದ್ದೆವು, ಪುಣೆ ಹುಡುಕಿದ್ದೆವು, ನಿಲಂಗಾದ ಮನೆಯ ಮಕ್ಕಳ ಪಾಟಿಚೀಲ ಹುಡುಕಿದ್ದೆವು. ದೇವರ ಖೋಲಿಯನ್ನು ಮಾತ್ರ ಹುಡುಕಿರಲಿಲ್ಲ, ಅದು ಮಡಿ. ನಮ್ಮ ದೇವರ ಜಗುಲಿಗೆ ಕೈ ಹಾಕಬೇಕೆಂದು ನಮಗೆ ಹೊಳೆಯಲೇ ಇಲ್ಲ. ಅವರ ದೇವರ ಟ್ರಂಕಿಗೆ ಕೈ ಹಾಕುವಾಗ ಅಡ್ಡಿಯೆನಿಸಲಿಲ್ಲ. ಬೀರಣ್ಣ ನಮ್ಮ ಬಳಗದವನಾಗಿದ್ದರೆ ಆ ಟ್ರಂಕು ತೆಗೆಸುತ್ತಿದ್ದೆವೇ ಎಂದು ಕೇಳಿಕೊಂಡೆ. ಉತ್ತರ ನನಗೆ ಗೊತ್ತಿತ್ತು.

ಹಿಂದೆ ಕೂತ ಕೂಲಿಯವರಲ್ಲಿ ಯಾರೋ ಮೆಲ್ಲಗೆ, "ಬೀರಣ್ಣ ಒಯ್ದಿದ್ದಿಲ್ಲ ಹಂಗಾದ್ರ," ಎಂದರು. ಶಿವಲಿಂಗಣ್ಣ ಅಯ್ಯನವರಿಗೆ, "ನೀವು ಮಂತ್ರ ಹೇಳ್ರಿ," ಎಂದ.

ಊಟಕ್ಕೆ ಕೂತಾಗ ಶಿವಲಿಂಗಣ್ಣ ಸರಿಯಾಗಿ ಉಣ್ಣಲಿಲ್ಲ. ಅವನು ಕೆಟ್ಟ ಮನುಷ್ಯನಲ್ಲ. ಊಟವಾದ ಮೇಲೆ ನಿಲಂಗಾದ ಮಿಲ್ಲಿಗೆ ತಾನೇ ಫೋನ್ ಮಾಡಿ, ಪುಸ್ತಕ ಸಿಕ್ಕಿತು, ಆ ಮನುಷ್ಯನ ತಪ್ಪಿಲ್ಲ ಎಂದ. ಎಲ್ಲಿ ಸಿಕ್ಕಿತು ಎಂದು ಮಾತ್ರ ಹೇಳಲಿಲ್ಲ. ಬೀರಣ್ಣನ ಹತ್ತಿರ ಹೋಗಬೇಕು ಎಂದು ನಾನೆಂದೆ. "ನಾಳಿ ದಸರಾ. ನಾಡಿದ್ದು ಬನ್ನಿ ಕೊಡ್ಲಿಕ್ಕ ಹೋಗೂನು," ಎಂದ. "ಬನ್ನಿ ಕೊಟ್ರ ಆತು. ಬಾಯಿಲೆ ಹೇಳೂದು ಏನದ ಮತ್ತ?"

ದಸರೆಯ ಬನ್ನಿ ನಮ್ಮ ಕಡೆ ದೊಡ್ಡ ಅನುಕೂಲ. ವರ್ಷವಿಡೀ ಮುಖ ನೋಡದವರೂ ಆ ಎಲೆ ಕೈಯಲ್ಲಿಟ್ಟು, ನಾವು ನೀವು ಬಂಗಾರದಂಗ ಇರೂನು ಎಂದರೆ ಹಿಂದಿನದೆಲ್ಲ ಮುಗಿಯಿತು ಎಂದು ಲೆಕ್ಕ. ಯಾರು ತಪ್ಪು ಮಾಡಿದರು, ಯಾರು ಕ್ಷಮೆ ಕೇಳಬೇಕು ಎಂಬ ಮಾತೇ ಏಳುವುದಿಲ್ಲ. ನನಗೂ ಒಳಗೊಳಗೆ ಅದೇ ಬೇಕಾಗಿತ್ತು. ಕೈಯಲ್ಲಿ ಎಲೆ ಹಿಡಿದರೆ ಬಾಯಿ ತೆಗೆಯುವ ಕಷ್ಟ ತಪ್ಪುತ್ತದೆ.

ದಸರೆಯ ಮರುದಿನ ಹನ್ನೊಂದರ ಸುಮಾರಿಗೆ ಅದೇ ಕಾರು ಅದೇ ಓಣಿಯಲ್ಲಿ ನಿಂತಿತು. ಅವೇ ಹೆಂಗಸರು ಬಾಗಿಲಿಗೆ ಬಂದರು. ಲಕ್ಷ್ಮೀಬಾಯಿ ಕಟ್ಟೆಯ ಮೇಲೆ ಕೂತು ಜೋಳ ಹಸನು ಮಾಡುತ್ತಿದ್ದಳು. ನಮ್ಮನ್ನು ನೋಡಿದಳು. ಮೊರ ಕೆಳಗಿಟ್ಟು ಒಳಗೆ ಹೋದಳು. ನೀರು ತರಲು ಹೋದಳೆಂದು ತಿಳಿದೆ. ಒಳಗಿನಿಂದ ಕಬ್ಬಿಣ ನೆಲಕ್ಕೆ ಉಜ್ಜುವ ಸಪ್ಪಳ ಬಂತು. ಆಕೆ ಎರಡೂ ಕೈಯಿಂದ ಆ ಟ್ರಂಕನ್ನು ಎಳೆದು ತಂದು ಹೊಸ್ತಿಲ ಒಳಗೆ ನಮ್ಮ ಎದುರು ನಿಲ್ಲಿಸಿದಳು. ಮುಚ್ಚಳ ತೆರೆದು ಪಕ್ಕಕ್ಕೆ ಸರಿದಳು.

"ನೋಡ್ಕೋರಿ ಅಕ್ಕಾರ. ಮತ್ತ ಮತ್ತ ಬರೂದು ಬ್ಯಾಡ ನಿಮಗ."

ನನ್ನ ಕೈಯಲ್ಲಿ ಬನ್ನಿ ಎಲೆಗಳಿದ್ದವು. ಜೀವಮಾನದಲ್ಲಿ ಅಷ್ಟು ನಾಚಿಕೆ ನನಗೆ ಯಾವತ್ತೂ ಆಗಿಲ್ಲ. ಆ ಹೆಣ್ಣುಮಗಳ ಮುಖ ನೋಡಲಾಗದೆ ಕಂಬಳಿಯನ್ನೇ ನೋಡುತ್ತ ನಿಂತೆ. ಅದನ್ನು ಹೊಸದಾಗಿ ಮಡಚಿಟ್ಟಿದ್ದರು.

ಬೀರಣ್ಣ ಹಿತ್ತಲಿನಿಂದ ಬಂದ. ಟ್ರಂಕನ್ನು ನೋಡಿದ, ಹೆಂಡತಿಯನ್ನು ನೋಡಿದ.

"ಪುಸ್ತಕ ಸಿಕ್ತು ಬೀರಣ್ಣ," ಎಂದೆ. "ನಮ್ಮ ಮನ್ಯಾಗೇ ಇತ್ತು. ನಮ್ಮ ದೇವರ ಖೋಲ್ಯಾಗ. ತಪ್ಪು ನಂದು. ಪುಸ್ತಕ ನಿನ್ನ ಹತ್ರ ಅದ ಅಂತ ಅಣ್ಣಗ ಹೇಳಿದಾಕಿ ನಾನೇ."

"ಸಿಕ್ತಲ್ರಿ, ಆತು ಬಿಡ್ರಿ," ಎಂದ ಬೀರಣ್ಣ.

"ಹ್ಯಾಂಗ ಆಗ್ತದ?" ಎಂದಳು ಲಕ್ಷ್ಮೀಬಾಯಿ. ದನಿ ಏರಿರಲಿಲ್ಲ. "ಹುಡುಕುವಾಗ ಓಣಿ ಮಂದಿ ಎಲ್ಲಾ ನೋಡ್ಯಾರ. ಸಿಕ್ಕದ್ದು ನಮಗಷ್ಟೇ ಹೇಳಿ ಹೋದ್ರ ಹ್ಯಾಂಗ? ಅವರಿಗೂ ಹೇಳ್ರಿ."

ಶಿವಲಿಂಗಣ್ಣ ಅಂಗಿಯ ಕಿಸೆ ತಡಕುತ್ತ ಕಾರಿನ ಕಡೆ ತಿರುಗಿದ. ಫೋನ್ ಬಂದಿರಲಿಲ್ಲ, ಆದರೂ ಕಿವಿಗೆ ಹಿಡಿದ. ನಾನು ಕಟ್ಟೆಯಿಂದ ಇಳಿದು ಓಣಿಯ ನಡುವೆ ನಿಂತೆ. ಮೊದಲು ಕನ್ನಡದಲ್ಲಿ ಹೇಳಿದೆ. ಎದುರು ಮನೆಯ ಮುದುಕಿ, "ಕಾಯ್ ಮ್ಹಣತಾತ್?" ಏನನ್ನುತ್ತಾರೆ ಎಂದು ಪಕ್ಕದವಳನ್ನು ಕೇಳಿದಳು. ಹೀಗಾಗಿ ಮರಾಠಿಯಲ್ಲಿ ಇನ್ನೊಮ್ಮೆ ಹೇಳಿದೆ. ಈ ಮನುಷ್ಯ ಏನನ್ನೂ ಒಯ್ದಿರಲಿಲ್ಲ, ಪುಸ್ತಕ ನಮ್ಮ ಮನೆಯ ದೇವರ ಕೋಣೆಯಲ್ಲಿತ್ತು, ನಾವು ಸುಳ್ಳೇ ಅಪವಾದ ಹೊರಿಸಿದೆವು. ಎರಡು ಭಾಷೆಯಲ್ಲಿ ಎರಡು ಸಲ ನಾಚಿಕೆ. ಮುದುಕಿ ಒಳಗೆ ಹೋದಳು.

ತಿರುಗಿ ಬಂದಾಗ ಬೀರಣ್ಣ ಟ್ರಂಕಿನ ಮುಚ್ಚಳ ಹಾಕಿದ್ದ. ನನ್ನಿಂದ ಬನ್ನಿ ತೆಗೆದುಕೊಂಡ, ಒಳಗಿನಿಂದ ತಾನೂ ಒಂದು ಎಲೆ ತಂದು ಕೊಟ್ಟ. "ಏ, ಚಹಾ ಇಡು," ಎಂದ ಹೆಂಡತಿಗೆ.

"ಹಾಲಿಲ್ಲ," ಎಂದಳು ಆಕೆ.

ಒಲೆಯ ಪಕ್ಕದಲ್ಲಿ ಹಾಲಿನ ಪಾತ್ರೆ ಇತ್ತು, ಕೆನೆ ಕಟ್ಟಿತ್ತು, ನಾನು ನಿಂತಲ್ಲಿಗೆ ಕಾಣುತ್ತಿತ್ತು. ಅದು ನನಗೆ ಕಾಣುತ್ತದೆಂದು ಆಕೆಗೂ ಗೊತ್ತಿತ್ತು. ನಾವು ಹೊರಟೆವು.

ಉಳಿದದ್ದು ಬೇಗ ಹೇಳಿ ಮುಗಿಸುತ್ತೇನೆ. ಮ್ಯಾನ್ಯುಯಲ್‌ನ ಗ್ರಾಮರ್ ಹಿಡಿದು ಪಾರ್ಸರ್ ತಿದ್ದಿದೆ. ಎರಡು ವಾರದಲ್ಲಿ ಅರವತ್ತಮೂರೂ ಪ್ರೋಗ್ರಾಮುಗಳು ಹೊಸ ಕಂಟ್ರೋಲರಿಗೆ ಏರಿದವು. ತೊಗರಿ ಬಂದಾಗ ಮಿಲ್ಲು ನಡೆಯಿತು. ಶಿವಲಿಂಗಣ್ಣ ನನಗೆ ಶಾಲು ಹೊದಿಸಿ ಸತ್ಕಾರ ಮಾಡುತ್ತೇನೆಂದ. ಬೇಡ ಎಂದದ್ದಕ್ಕೆ ತಿಂಗಳುಗಟ್ಟಲೆ ಮಾತು ಬಿಟ್ಟ. ಬೀರಣ್ಣನನ್ನು ನಿಲಂಗಾದ ಮಿಲ್ಲಿನವರು ದೀಪಾವಳಿ ಕಳೆದ ಮೇಲೆ ಮತ್ತೆ ಕರೆದುಕೊಂಡರು. ಆದರೆ ಪ್ಯಾನೆಲ್ ಕೋಣೆಯ ಕೀಲಿ ಮೊದಲು ಅವನ ಹತ್ತಿರ ಇರುತ್ತಿತ್ತು, ಈಗ ಮ್ಯಾನೇಜರನ ಹತ್ತಿರ ಇದೆ. ಯಾಕೆ ಎಂದು ಅವರೂ ಹೇಳಿಲ್ಲ, ಅವನೂ ಕೇಳಿಲ್ಲ. ಇದು ಅವನಿಂದಲೇ ತಿಳಿದದ್ದು. ಪ್ರತಿ ದಸರೆಗೆ ನಾನು ಒಬ್ಬಳೇ ಬಸ್ಸಿನಲ್ಲಿ ನಿಲಂಗಾಕ್ಕೆ ಹೋಗಿ ಬನ್ನಿ ಕೊಟ್ಟು ಬರುತ್ತೇನೆ. ಲಕ್ಷ್ಮೀಬಾಯಿ ನೀರು ಕೊಡುತ್ತಾಳೆ.

ಪಾರ್ಸರ್ ಒಂದು ಸಾಲಿನಲ್ಲಿ ನಿಂತು ತಪ್ಪು ಇಲ್ಲಿದೆ ಎಂದರೆ, ಆ ಸಾಲಿನಲ್ಲೇ ತಪ್ಪಿರಬೇಕೆಂದಿಲ್ಲ. ಹಿಂದೆಲ್ಲೋ ಮುಚ್ಚದೆ ಬಿಟ್ಟ ಒಂದು ಕಂಸ ಇರಬಹುದು, ಅಥವಾ ನಾವು ಕೊಟ್ಟ ಗ್ರಾಮರೇ ತಪ್ಪಿರಬಹುದು. ಪಾರ್ಸರಿಗೆ ಗೊತ್ತಿರುವುದು ತಾನು ಎಲ್ಲಿ ನಿಂತೆ ಎಂಬುದಷ್ಟೇ. ಇದನ್ನು ಹತ್ತೊಂಬತ್ತು ವರ್ಷ ಹಲಗೆಯ ಮೇಲೆ ಬರೆದು ತೋರಿಸಿದ್ದೆ, ಪರೀಕ್ಷೆಯಲ್ಲಿ ಕೇಳಿದ್ದೆ, ಬರೆಯದವರ ಅಂಕ ಕತ್ತರಿಸಿದ್ದೆ. ನನ್ನ ಬುದ್ಧಿ ಬೀರಣ್ಣನ ಹೆಸರಿನ ಮುಂದೆ ನಿಂತಾಗ ತಪ್ಪು ಅವನಲ್ಲಿಯೇ ಇದೆ ಎಂದುಬಿಟ್ಟೆ.

ಮಿಲ್ಲಿನ ಆ ಪಾರ್ಸರ್ ಈಗಲೂ ಕೆಲಸದಲ್ಲಿದೆ. ಕೊನೆಯ ದಿನ ಅದರಲ್ಲಿ ಒಂದೇ ಒಂದು ಬದಲಾವಣೆ ಮಾಡಿದ್ದೆ. "ಈ ಸಾಲಿನಲ್ಲಿ ತಪ್ಪಿದೆ" ಎಂಬುದನ್ನು ಅಳಿಸಿ, "ಇಲ್ಲಿಯವರೆಗೆ ಓದಿದೆ, ಮುಂದೆ ನನಗೆ ತಿಳಿಯಲಿಲ್ಲ" ಎಂದು ಬರೆದೆ. ನಿವೃತ್ತಿಯಾಗುವವರೆಗೆ ನನ್ನ ವಿದ್ಯಾರ್ಥಿಗಳ ಕೈಯಿಂದಲೂ ಹಾಗೆಯೇ ಬರೆಸಿದೆ. ಇಷ್ಟು ಉದ್ದ ಯಾಕೆ ಮ್ಯಾಡಂ, ಎರರ್ ಅಂದರೆ ಸಾಲದೇ ಎಂದು ಹುಡುಗರು ಗೊಣಗುತ್ತಿದ್ದರು. ಬರೀರಿ ಎನ್ನುತ್ತಿದ್ದೆ. ತಿಳಿಯಲಿಲ್ಲ ಎಂಬ ಆ ಮಾತು ಅಂದು ಶಿವಲಿಂಗಣ್ಣನ ಆಫೀಸಿನಲ್ಲಿ ನನ್ನ ಬಾಯಿಂದ ಬಂದಿದ್ದರೆ, ನಿಲಂಗಾದ ಆ ಮನೆಯಲ್ಲಿ ಇವತ್ತು ನನಗೆ ಚಹಾ ಸಿಗುತ್ತಿತ್ತು.